ಸಿನಿಮಾ ಸಂಕಲನಕಾರರಾಗಲು ಬಯಸುವವರಿಗೆ: ಕಲಿಕೆಯಿಂದ ಹಸ್ತಾಂತರದವರೆಗೆ

ಸಿನಿಮಾ ಸಂಕಲನ ಕಲಿಯಲು ಎಲ್ಲಿಂದ ಶುರು ಮಾಡಬೇಕು ಎಂದು ಓದುಗರು ಪದೇ ಪದೇ ಕೇಳುತ್ತಾರೆ. ಹೆಚ್ಚಿನವರ ಪ್ರಶ್ನೆ ಯಾವ ಸಾಫ್ಟ್‌ವೇರ್ ಕಲಿಯಬೇಕು ಎಂಬಲ್ಲಿಂದ ಆರಂಭವಾಗಿ, ಯಾವ ಕಂಪ್ಯೂಟರ್ ಕೊಳ್ಳಬೇಕು ಎಂಬಲ್ಲಿಗೆ ಮುಗಿಯುತ್ತದೆ. ಇವೆರಡಕ್ಕೂ ಕೆಳಗೆ ಉತ್ತರವಿದೆ, ಆದರೆ ಈ ವೃತ್ತಿಯಲ್ಲಿ ಯಾರು ನಿಲ್ಲುತ್ತಾರೆ, ಯಾರು ಒಂದೆರಡು ವರ್ಷಕ್ಕೆ ಬಿಟ್ಟು ಹೋಗುತ್ತಾರೆ ಎಂಬುದನ್ನು ಇವು ತೀರ್ಮಾನಿಸುವುದಿಲ್ಲ. ರಶಸ್ ಅನ್ನು, ಅಂದರೆ ಚಿತ್ರೀಕರಣದಿಂದ ಬಂದ ಕತ್ತರಿಸದ ದೃಶ್ಯಸಾಮಗ್ರಿಯನ್ನು, ಪೂರ್ತಿಯಾಗಿ ನೋಡುವ ತಾಳ್ಮೆ ಮತ್ತು ನೋಡಿದ್ದನ್ನು ಲೆಕ್ಕವಿಟ್ಟುಕೊಳ್ಳುವ ಶಿಸ್ತು, ಈ ಎರಡೇ ಕೊನೆಯವರೆಗೂ ಕೈಹಿಡಿಯುತ್ತವೆ ಎಂದು ನಾನು ನಂಬಿದ್ದೇನೆ. ಮುಂದಿನ ಹಂತಗಳನ್ನು ಆ ನಂಬಿಕೆಯ ಮೇಲೆಯೇ ಜೋಡಿಸಿದ್ದೇನೆ.

ಕೆಲಸದ ಪ್ರಮಾಣ ಮೊದಲು ತಿಳಿದಿರಲಿ. ಸಿನಿಮಾ ಒಂದು ಸೆಕೆಂಡಿಗೆ 24 ಫ್ರೇಮ್‌ಗಳ ವೇಗದಲ್ಲಿ ಓಡುತ್ತದೆ. ಒಂದು ಗಂಟೆಗೆ 86,400 ಫ್ರೇಮ್; ಎರಡೂಕಾಲು ಗಂಟೆಯ ಚಿತ್ರಕ್ಕೆ 1,94,400 ಫ್ರೇಮ್. ಚಿತ್ರೀಕರಣದಿಂದ ನಲವತ್ತು ಗಂಟೆಯ ರಶಸ್ ಬಂದಿದೆ ಎಂದಿಟ್ಟುಕೊಂಡರೆ, ಅದರಲ್ಲಿ ಮೂವತ್ತೇಳು ಗಂಟೆಗಿಂತ ಹೆಚ್ಚಿನದನ್ನು ನೀವು ಬಿಡಬೇಕಾಗುತ್ತದೆ. ಏನನ್ನು ಬಿಟ್ಟಿರಿ, ಏಕೆ ಬಿಟ್ಟಿರಿ ಎಂದು ನಿರ್ದೇಶಕರು ಯಾವ ಹೊತ್ತಿನಲ್ಲಿ ಕೇಳಿದರೂ ಉತ್ತರ ಹೇಳುವಂತಿರಬೇಕು.

ಹಂತ 1: ನೋಡುವುದನ್ನು ಕಲಿಯಿರಿ

ನಿಮಗೆ ಚೆನ್ನಾಗಿ ಗೊತ್ತಿರುವ ಒಂದು ಚಿತ್ರದಿಂದ ಐದು ನಿಮಿಷದ ದೃಶ್ಯವೊಂದನ್ನು ಆರಿಸಿಕೊಳ್ಳಿ. ಮೊದಲು ಧ್ವನಿ ಮುಚ್ಚಿ ನೋಡಿ, ನಂತರ ಪರದೆಗೆ ಬೆನ್ನು ತಿರುಗಿಸಿ ಕೇವಲ ಕೇಳಿ. ಆಮೇಲೆ ಒಂದು ನೋಟ್‌ಬುಕ್ಕಿನಲ್ಲಿ ಪ್ರತಿ ಶಾಟ್‌ಗೂ ಒಂದು ಸಾಲು ಬರೆಯಿರಿ: ಶಾಟ್ ಎಷ್ಟು ಸೆಕೆಂಡ್ ಇದೆ, ಅದರಲ್ಲಿ ಯಾರ ಮುಖವಿದೆ, ಆಗ ಮಾತನಾಡುತ್ತಿರುವವರು ಯಾರು. ಕೊನೆಯ ಎರಡು ಅಂಕಣಗಳನ್ನು ಹೋಲಿಸಿದರೆ, ಒಳ್ಳೆಯ ಸಂಕಲನಕಾರರು ಮಾತನಾಡುವವರನ್ನು ಬಿಟ್ಟು ಕೇಳಿಸಿಕೊಳ್ಳುವವರ ಮುಖವನ್ನು ಎಷ್ಟು ಸಲ ತೋರಿಸಿದ್ದಾರೆ ಎಂಬುದು ಕಣ್ಣಿಗೆ ಬೀಳುತ್ತದೆ.

ಇದರ ಹಿಂದಿರುವ ತತ್ತ್ವ ಹಳೆಯದು. ಸುಮಾರು 1920ರ ಹೊತ್ತಿಗೆ ರಷ್ಯಾದ ಲೆವ್ ಕುಲೆಶೋವ್ ಒಬ್ಬ ನಟನ ಭಾವರಹಿತ ಮುಖವನ್ನು ಒಮ್ಮೆ ಸೂಪಿನ ತಟ್ಟೆಯ ಪಕ್ಕದಲ್ಲಿ, ಒಮ್ಮೆ ಶವಪೆಟ್ಟಿಗೆಯ ಪಕ್ಕದಲ್ಲಿ, ಇನ್ನೊಮ್ಮೆ ಹೆಣ್ಣೊಬ್ಬಳ ಪಕ್ಕದಲ್ಲಿ ಜೋಡಿಸಿ ತೋರಿಸಿದರೆಂದೂ, ಮುಖ ಬದಲಾಗದಿದ್ದರೂ ಪ್ರೇಕ್ಷಕರು ಹಸಿವು, ದುಃಖ, ಆಸೆ ಎಂದು ಬೇರೆ ಬೇರೆ ಭಾವ ಕಂಡರೆಂದೂ ಹೇಳುತ್ತಾರೆ. ಎರಡು ಶಾಟ್‌ಗಳ ನಡುವೆ ಹುಟ್ಟುವ ಆ ಅರ್ಥವೇ ನಿಮ್ಮ ಕಚ್ಚಾವಸ್ತು.

ಹಂತ 2: ಕಂಪ್ಯೂಟರ್ ಮತ್ತು ಸಾಫ್ಟ್‌ವೇರ್

ಅವಿಡ್ ಮೀಡಿಯಾ ಕಂಪೋಸರ್, ಅಡೋಬಿ ಪ್ರೀಮಿಯರ್ ಪ್ರೊ, ಡಾವಿಂಚಿ ರಿಸಾಲ್ವ್, ಆಪಲ್‌ನ ಫೈನಲ್ ಕಟ್ ಪ್ರೊ, ಇವು ನಾಲ್ಕೂ ವೃತ್ತಿಪರರು ಬಳಸುವ ಸಾಫ್ಟ್‌ವೇರ್‌ಗಳೇ. ಕಲಿಯುವವರಿಗೆ ಡಾವಿಂಚಿ ರಿಸಾಲ್ವ್‌ನ ಉಚಿತ ಆವೃತ್ತಿ ಸಾಕು. ಒಂದನ್ನು ಸರಿಯಾಗಿ ಕಲಿತವರಿಗೆ ಇನ್ನೊಂದಕ್ಕೆ ಹೋಗಲು ಕೆಲವು ವಾರ ಹಿಡಿಯುತ್ತದೆ, ಅಷ್ಟೇ. 16 ಜಿಬಿ ರ್‍ಯಾಮ್ ಇರುವ ಕಂಪ್ಯೂಟರ್, ಕೆಲಸಕ್ಕೊಂದು ಎಸ್‌ಎಸ್‌ಡಿ, ನಕಲಿಗೆ ಎರಡು ಹಾರ್ಡ್ ಡಿಸ್ಕ್, ಮತ್ತು ಒಂದು ಒಳ್ಳೆಯ ಹೆಡ್‌ಫೋನ್ ಇದ್ದರೆ ಶುರು ಮಾಡಬಹುದು. ಹಣ ಕಡಿಮೆಯಿದ್ದರೆ ಗ್ರಾಫಿಕ್ಸ್ ಕಾರ್ಡ್‌ನಲ್ಲಿ ಉಳಿಸಿ, ಹೆಡ್‌ಫೋನ್‌ನಲ್ಲಿ ಉಳಿಸಬೇಡಿ. ಸಂಕಲನದ ಅರ್ಧ ಕೆಲಸ ಕಿವಿಯದು.

ಎಚ್ಚರಿಕೆ: ಹೊಸ ಪ್ರಾಜೆಕ್ಟ್ ತೆರೆದ ಕೂಡಲೇ ಫ್ರೇಮ್ ರೇಟ್ ನೋಡಿ. ಸೆಕೆಂಡಿಗೆ 24 ಫ್ರೇಮ್ ಮತ್ತು 23.976 ಫ್ರೇಮ್ ಪಟ್ಟಿಯಲ್ಲಿ ಅಕ್ಕಪಕ್ಕದಲ್ಲೇ ಇರುತ್ತವೆ, ವ್ಯತ್ಯಾಸ ಸಾವಿರಕ್ಕೆ ಒಂದರಷ್ಟು ಮಾತ್ರ. ಆದರೆ ಚಿತ್ರ ಒಂದು ರೇಟಿನಲ್ಲಿ, ಧ್ವನಿ ಇನ್ನೊಂದು ರೇಟಿನ ಲೆಕ್ಕದಲ್ಲಿ ಕುಳಿತರೆ ಒಂದು ಗಂಟೆಯ ಹೊತ್ತಿಗೆ 3.6 ಸೆಕೆಂಡ್ ಅಂತರ ಬಿದ್ದಿರುತ್ತದೆ. ಕ್ಯಾಮೆರಾ ವಿಭಾಗದವರನ್ನು ಕೇಳಿ, ಅವರು ಹೇಳಿದ್ದನ್ನು ಬರೆದಿಟ್ಟುಕೊಂಡು, ಅದನ್ನೇ ಹಾಕಿ. ಮೊಬೈಲ್‌ನಲ್ಲಿ ಚಿತ್ರೀಕರಿಸಿದ್ದಾದರೆ ಇನ್ನೊಂದು ತೊಂದರೆಯಿದೆ: ಹಲವು ಮೊಬೈಲ್‌ಗಳು ಬೆಳಕಿಗೆ ತಕ್ಕಂತೆ ಫ್ರೇಮ್ ರೇಟನ್ನು ತಾವೇ ಹೆಚ್ಚುಕಡಿಮೆ ಮಾಡುತ್ತವೆ. ಅಂಥ ಫೈಲನ್ನು ಮೊದಲು ಸ್ಥಿರ ಫ್ರೇಮ್ ರೇಟಿಗೆ ಪರಿವರ್ತಿಸಿಕೊಂಡು ಆಮೇಲೆ ಕತ್ತರಿಸಲು ಕುಳಿತುಕೊಳ್ಳಿ.

ಹಂತ 3: ನಿಮ್ಮದೇ ರಶಸ್ ತಯಾರಿಸಿ, ಒಂದೇ ದೃಶ್ಯವನ್ನು ಮೂರು ಸಲ ಕತ್ತರಿಸಿ

ಬಿಡುಗಡೆಯಾದ ಚಿತ್ರಗಳ ತುಣುಕುಗಳನ್ನು ಹಾಡಿಗೆ ಜೋಡಿಸುವ ಅಭ್ಯಾಸದಿಂದ ಕೈವೇಗ ಬರುತ್ತದೆ, ತೀರ್ಮಾನಶಕ್ತಿ ಬೆಳೆಯುವುದಿಲ್ಲ, ಏಕೆಂದರೆ ಅಲ್ಲಿ ಬೇಡದ್ದನ್ನು ಇನ್ನೊಬ್ಬರು ಆಗಲೇ ತೆಗೆದಿದ್ದಾರೆ. ಆದ್ದರಿಂದ ಇಬ್ಬರು ಸ್ನೇಹಿತರನ್ನು ಕೂರಿಸಿ ಒಂದು ನಿಮಿಷದ ದೃಶ್ಯವನ್ನು ನೀವೇ ಚಿತ್ರೀಕರಿಸಿಕೊಳ್ಳಿ. ಇಬ್ಬರೂ ಕಾಣುವ ಒಂದು ಮಾಸ್ಟರ್ ಶಾಟ್, ಒಬ್ಬೊಬ್ಬರದೂ ಒಂದೊಂದು ಕ್ಲೋಸ್‌ಅಪ್, ಕೈ ಅಥವಾ ವಸ್ತುವಿನ ಒಂದು ಶಾಟ್, ಪ್ರತಿಯೊಂದಕ್ಕೂ ಕನಿಷ್ಠ ಮೂರು ಟೇಕ್ ಇರಲಿ.

ಉದಾಹರಣೆಗೆ ಒಂದು ದೃಶ್ಯ ತೆಗೆದುಕೊಳ್ಳೋಣ. ತಾಯಿ ಮಗನಿಗೆ ಊಟ ಬಡಿಸುತ್ತಿದ್ದಾರೆ. ಮಗ ತಟ್ಟೆ ನೋಡುತ್ತಲೇ ಹೇಳುತ್ತಾನೆ: “ಅಮ್ಮ, ಈ ಸಲ ದೀಪಾವಳಿಗೆ ನಾನು ಬರೋಕಾಗಲ್ಲ.” ತಾಯಿಯ ಕೈಯಲ್ಲಿನ ಸಾರಿನ ಸೌಟು ಒಂದು ಕ್ಷಣ ನಿಲ್ಲುತ್ತದೆ. ಆಮೇಲೆ ಅವರು, “ಇನ್ನೊಂದು ಚೂರು ಅನ್ನ ಹಾಕ್ತೀನಿ, ಇರು,” ಎನ್ನುತ್ತಾರೆ.

ಈ ಮಾತಿನಲ್ಲಿ ಸುದ್ದಿ ಎಲ್ಲಿದೆ ಎಂದು ಗಮನಿಸಿ. ಕನ್ನಡದಲ್ಲಿ ಕ್ರಿಯಾಪದ ವಾಕ್ಯದ ಕೊನೆಗೆ ಬರುತ್ತದೆ, ಇಲ್ಲ ಎಂಬುದೂ ಅದರ ಬಾಲದಲ್ಲೇ ಇರುತ್ತದೆ. “ದೀಪಾವಳಿಗೆ ನಾನು” ಎನ್ನುವವರೆಗೆ ತಾಯಿಗೆ ಆಸೆಯಿದೆ. “ಬರೋಕಾ” ಎನ್ನುವಾಗಲೂ ಅದು ಪೂರ್ತಿ ಹೋಗಿಲ್ಲ. “ಗಲ್ಲ” ಎಂಬ ಕೊನೆಯ ಎರಡು ಅಕ್ಷರಗಳಲ್ಲಿ ಅದು ಮುಗಿಯುತ್ತದೆ.

ಈಗ ಮೂರು ಬಗೆಯಲ್ಲಿ ಕತ್ತರಿಸಿ ನೋಡಿ. ಮೊದಲನೆಯದರಲ್ಲಿ ಮಾತು ಮುಗಿಯುವವರೆಗೆ ಮಗನ ಮುಖದ ಮೇಲೇ ಇದ್ದು, ಆಮೇಲೆ ತಾಯಿಯ ಮುಖಕ್ಕೆ ಹೋಗಿ. ಇದು ಹೇಳಲು ಕಷ್ಟಪಟ್ಟ ಮಗನ ದೃಶ್ಯವಾಗುತ್ತದೆ. ಎರಡನೆಯದರಲ್ಲಿ “ನಾನು” ಎಂಬ ಪದ ಮುಗಿದ ಕೂಡಲೇ ತಾಯಿಯ ಮುಖಕ್ಕೆ ಹೋಗಿ, “ಬರೋಕಾಗಲ್ಲ” ಎಂಬುದು ಅವರ ಮುಖದ ಮೇಲೆ ಕೇಳಿಸಲಿ. ಹಿಂದಿನ ಶಾಟ್‌ನ ಧ್ವನಿ ಮುಂದಿನ ಶಾಟ್‌ನ ಮೇಲೆ ಹರಿಯುವ ಇದಕ್ಕೆ ಎಲ್ ಕಟ್ ಎಂದು ಹೆಸರು. ಮುಂದಿನ ಶಾಟ್‌ನ ಧ್ವನಿಯೇ ಮೊದಲು ಕೇಳಿಸಿ ಚಿತ್ರ ತಡವಾಗಿ ಬಂದರೆ ಅದು ಜೆ ಕಟ್. ಟೈಮ್‌ಲೈನಿನಲ್ಲಿ ತುಣುಕುಗಳು ಆ ಇಂಗ್ಲಿಷ್ ಅಕ್ಷರಗಳ ಆಕಾರದಲ್ಲಿ ಕಾಣುವುದರಿಂದ ಈ ಹೆಸರು ಬಂದಿದೆ. ಹೀಗೆ ಕತ್ತರಿಸಿದಾಗ ಆಸೆ ಕಣ್ಣೆದುರಿಗೇ ಆರುವುದನ್ನು ಪ್ರೇಕ್ಷಕರು ನೋಡುತ್ತಾರೆ, ದೃಶ್ಯ ತಾಯಿಯದಾಗುತ್ತದೆ. ಮೂರನೆಯದರಲ್ಲಿ ಮಾತು ಮುಗಿದ ಮೇಲೂ ಹನ್ನೆರಡು ಫ್ರೇಮ್, ಅಂದರೆ ಅರ್ಧ ಸೆಕೆಂಡ್, ಮಗನ ಮೇಲೇ ಕಾದು, ನಿಂತ ಸೌಟಿಗೆ ಹೋಗಿ, ತಾಯಿಯ ಮುಖವನ್ನು “ಇನ್ನೊಂದು ಚೂರು” ಎಂದು ಅವರು ಮಾತು ಶುರು ಮಾಡುವಾಗ ಮಾತ್ರ ತೋರಿಸಿ. ಅಷ್ಟರಲ್ಲಿ ಅವರು ನೋವನ್ನು ಬಚ್ಚಿಟ್ಟಾಗಿದೆ, ನಮಗೆ ಕಾಣುವುದು ಬಚ್ಚಿಟ್ಟ ಮುಖ.

ಮೂರೂ ಸರಿ. ಯಾವುದು ಬೇಕೆಂಬುದನ್ನು ಈ ದೃಶ್ಯದ ಹಿಂದುಮುಂದಿನ ಕತೆ ಹೇಳುತ್ತದೆ. ನಾನು ಇದನ್ನು ಇಷ್ಟು ಎಳೆಯೆಳೆಯಾಗಿ ಬಿಡಿಸಲು ಕಾರಣವಿದೆ. ಆನ್‌ಲೈನ್ ಪಾಠಗಳಲ್ಲಿ ಹೆಚ್ಚಿನವು ಇಂಗ್ಲಿಷ್ ಸಂಭಾಷಣೆಯನ್ನು ಇಟ್ಟುಕೊಂಡು, ವಾಕ್ಯದ ನಡುವಿನಲ್ಲೇ ಕೇಳುಗರ ಮುಖಕ್ಕೆ ಹೋಗಿ ಎಂದು ಕಲಿಸುತ್ತವೆ. ಇಂಗ್ಲಿಷಿನಲ್ಲಿ ಆಗುವುದೋ ಇಲ್ಲವೋ ಎಂಬುದು ವಾಕ್ಯದ ಮೊದಲ ಭಾಗದಲ್ಲೇ ಬಂದಿರುವುದರಿಂದ ಅಲ್ಲಿ ಅದು ಸರಿಹೋಗುತ್ತದೆ. ಅದೇ ಜಾಗದಲ್ಲಿ ಕನ್ನಡ ವಾಕ್ಯವನ್ನು ಕತ್ತರಿಸಿದರೆ ಸುದ್ದಿ ಬರುವ ಮೊದಲೇ ಪ್ರತಿಕ್ರಿಯೆಯ ಮುಖ ಬಂದು ಕುಳಿತಿರುತ್ತದೆ, ನಟಿ ಚೆನ್ನಾಗಿ ಅಭಿನಯಿಸಿದ್ದರೂ ಸುಳ್ಳಾಗಿ ಕಾಣುತ್ತದೆ. ಸಂಭಾಷಣೆಯ ಹಾಳೆ ಎದುರಿಗಿಟ್ಟುಕೊಂಡು, ಪ್ರತಿ ವಾಕ್ಯದಲ್ಲೂ ಸುದ್ದಿ ಬೀಳುವ ಪದದ ಕೆಳಗೆ ಪೆನ್ಸಿಲಿನಿಂದ ಗೆರೆ ಎಳೆಯುವ ಅಭ್ಯಾಸ ಮಾಡಿ. ತಮಿಳು, ತೆಲುಗು, ಹಿಂದಿಯಲ್ಲೂ ಕ್ರಿಯಾಪದ ಕೊನೆಗೇ ಬರುವುದರಿಂದ ಈ ಅಭ್ಯಾಸ ಅಲ್ಲಿಯೂ ಉಪಯೋಗಕ್ಕೆ ಬರುತ್ತದೆ. ಕನ್ನಡದ ಸಂಕಲನಕಾರ ಸುರೇಶ್ ಅರಸ್ ಅವರಿಗೆ ರಾಷ್ಟ್ರ ಪ್ರಶಸ್ತಿ ಬಂದದ್ದು 1995ರ ತಮಿಳು ಚಿತ್ರ ‘ಬಾಂಬೆ’ಯ ಸಂಕಲನಕ್ಕೆ, ಈ ಕಸುಬು ಭಾಷೆಯ ಗಡಿಯನ್ನು ದಾಟಬಲ್ಲದು.

ಎಚ್ಚರಿಕೆ: ಒಂದು ಕಟ್ ಸರಿಯೆನಿಸದಿದ್ದಾಗ ಅದರ ಮೇಲೆ ಡಿಸಾಲ್ವ್ (ಒಂದು ಶಾಟ್ ಕರಗುತ್ತಾ ಇನ್ನೊಂದು ಮೂಡುವುದು) ಅಥವಾ ಸಂಗೀತ ಹಾಕಿ ಮುಚ್ಚಬೇಡಿ. ಆರು ಫ್ರೇಮ್ ಹಿಂದೆ, ಆರು ಫ್ರೇಮ್ ಮುಂದೆ ಸರಿಸಿ ನೋಡಿ. ಕಾಲು ಸೆಕೆಂಡಿನಲ್ಲಿ ಕಣ್ಣಿನ ನೋಟ ಬದಲಾಗಿರುತ್ತದೆ. ಅಲ್ಲಿಯೂ ಸಿಗದಿದ್ದರೆ ಬೇರೆ ಟೇಕ್ ಹುಡುಕಬೇಕು.

ಹಂತ 4: ಸಂಸ್ಥೆಗೆ ಸೇರಬೇಕೆ, ನೇರವಾಗಿ ಎಡಿಟಿಂಗ್ ರೂಮಿಗೆ ಹೋಗಬೇಕೆ

ಎರಡೂ ದಾರಿಯಿಂದ ಬಂದವರು ಈ ಉದ್ಯಮದಲ್ಲಿದ್ದಾರೆ. ಪುಣೆಯ ಭಾರತೀಯ ಚಲನಚಿತ್ರ ಮತ್ತು ದೂರದರ್ಶನ ಸಂಸ್ಥೆ 1960ರಲ್ಲಿ, ಕೋಲ್ಕತ್ತಾದ ಸತ್ಯಜಿತ್ ರೇ ಸಂಸ್ಥೆ 1995ರಲ್ಲಿ ಆರಂಭವಾದವು. ಎರಡರಲ್ಲೂ ಪದವೀಧರರಿಗೆ ಸಂಕಲನದ ಸ್ನಾತಕೋತ್ತರ ವ್ಯಾಸಂಗವಿದೆ, ಪ್ರವೇಶ ಪರೀಕ್ಷೆ ಮತ್ತು ಸಂದರ್ಶನದ ಮೂಲಕ ಕೆಲವೇ ಸೀಟು ತುಂಬುತ್ತಾರೆ. ಯಾವ ವಿಷಯದ ಪದವಿಯಾದರೂ ನಡೆಯುತ್ತದೆ. ಪ್ರಪಂಚದ ಸಿನಿಮಾಗಳನ್ನು ದೊಡ್ಡ ಪರದೆಯಲ್ಲಿ ನೋಡುವ, ತಪ್ಪು ಮಾಡಿ ಕಲಿಯುವ ಬಿಡುವು ಅಲ್ಲಿ ಸಿಗುತ್ತದೆ. ಸಾಧ್ಯವಿದ್ದವರು ಖಂಡಿತ ಪ್ರಯತ್ನಿಸಿ. ಲಕ್ಷಾಂತರ ರೂಪಾಯಿ ಶುಲ್ಕ ಪಡೆದು ಮೂರು ತಿಂಗಳಲ್ಲಿ ಸಂಕಲನಕಾರರನ್ನಾಗಿ ಮಾಡುತ್ತೇವೆ ಎನ್ನುವ ಖಾಸಗಿ ಕೋರ್ಸುಗಳ ವಿಷಯದಲ್ಲಿ ಮಾತ್ರ ಎಚ್ಚರವಿರಲಿ. ಸೇರುವ ಮೊದಲು ಒಂದೇ ಪ್ರಶ್ನೆ ಕೇಳಿ: ಕಲಿಕೆಯ ಅವಧಿಯಲ್ಲಿ ಎಷ್ಟು ಗಂಟೆಯ ಕತ್ತರಿಸದ ರಶಸ್ ನನ್ನ ಕೈಗೆ ಕೊಡುತ್ತೀರಿ? ಸ್ಪಷ್ಟ ಉತ್ತರ ಬರದಿದ್ದರೆ ಆ ಹಣದಲ್ಲಿ ಕಂಪ್ಯೂಟರ್ ಕೊಳ್ಳಿ.

ನೇರವಾಗಿ ಹೋಗುವವರು ಬೆಂಗಳೂರಿನ ಎಡಿಟಿಂಗ್ ರೂಮುಗಳಲ್ಲಿ ಕೆಲಸ ಕೇಳುವಾಗ ಎರಡು ನಿಮಿಷದ ಝಗಮಗಿಸುವ ಶೋರೀಲ್ ಬದಲು ಹಂತ 3ರ ಮೂರು ಕಟ್‌ಗಳನ್ನು ತೋರಿಸಿ. ಒಂದೇ ರಶಸ್‌ನಿಂದ ಮೂರು ದೃಶ್ಯ ಹುಟ್ಟಿಸಿದವರಿಗೆ ಯೋಚಿಸಲು ಬರುತ್ತದೆ ಎಂಬುದು ನೋಡಿದ ಹಿರಿಯರಿಗೆ ತಕ್ಷಣ ತಿಳಿಯುತ್ತದೆ.

ಹಂತ 5: ಸಹಾಯಕ ಸಂಕಲನಕಾರರ ಕೆಲಸ

ಇಲ್ಲಿ ಕಳೆಯುವ ವರ್ಷಗಳನ್ನು ಕಾಯುವ ಕಾಲವೆಂದು ಎಣಿಸಬೇಡಿ. ಕೆಲಸ ಈ ಕ್ರಮದಲ್ಲಿ ನಡೆಯುತ್ತದೆ.

ಮೊದಲು ನಕಲು. ಸೆಟ್‌ನಿಂದ ಬಂದ ಕಾರ್ಡ್ ಅಥವಾ ಡಿಸ್ಕಿನ ಮೂರು ಪ್ರತಿಗಳಿರಬೇಕು, ಅವುಗಳಲ್ಲಿ ಒಂದು ಬೇರೆ ಕಟ್ಟಡದಲ್ಲಿರಬೇಕು. ಎಳೆದು ಬಿಟ್ಟು ನಕಲು ಮಾಡುವುದರ ಬದಲು ಚೆಕ್‌ಸಮ್ ಪರಿಶೀಲಿಸುವ ಸಾಫ್ಟ್‌ವೇರ್ ಬಳಸಿ. ಮೂಲ ಫೈಲ್ ಮತ್ತು ನಕಲು ಒಂದೊಂದು ಬಿಟ್‌ವರೆಗೂ ಒಂದೇ ಎಂದು ಖಚಿತಪಡಿಸುವ ಲೆಕ್ಕವೇ ಚೆಕ್‌ಸಮ್. ಅದು ಸರಿಯಿದೆ ಎಂದು ತಿಳಿಯುವವರೆಗೆ ಕಾರ್ಡ್ ಫಾರ್ಮ್ಯಾಟ್ ಮಾಡಲು ಯಾರಿಗೂ ಒಪ್ಪಿಗೆ ಕೊಡಬೇಡಿ, ಯಾರು ಎಷ್ಟೇ ಅವಸರ ಮಾಡಲಿ.

ನಂತರ ಪ್ರಾಕ್ಸಿ, ಅಂದರೆ ಕತ್ತರಿಸಲು ಹಗುರವಾಗುವ ಚಿಕ್ಕ ಗಾತ್ರದ ನಕಲು. ಪ್ರೋರೆಸ್ 422 ಪ್ರಾಕ್ಸಿ ಎಂಬ ಮಾದರಿಯಲ್ಲಿ ಎಚ್‌ಡಿ ಗಾತ್ರಕ್ಕೆ ಗಂಟೆಗೆ ಸುಮಾರು 16 ಜಿಬಿ ಜಾಗ ಬೇಕು, ನಲವತ್ತು ಗಂಟೆಯ ರಶಸ್‌ಗೆ ಸುಮಾರು 640 ಜಿಬಿ. ಪ್ರಾಕ್ಸಿಯ ಫೈಲ್ ಹೆಸರು ಮತ್ತು ಟೈಮ್‌ಕೋಡ್ ಮೂಲದಲ್ಲಿದ್ದಂತೆಯೇ ಇರಬೇಕು. ಟೈಮ್‌ಕೋಡ್ ಎಂದರೆ ಪ್ರತಿ ಫ್ರೇಮಿಗೂ ಕೊಟ್ಟಿರುವ ಗಂಟೆ, ನಿಮಿಷ, ಸೆಕೆಂಡ್, ಫ್ರೇಮ್‌ಗಳ ವಿಳಾಸ. ಓದಲು ಸುಲಭವಾಗಲೆಂದು ಹೆಸರು ಬದಲಿಸಿದರೆ ಕೊನೆಯಲ್ಲಿ ಮೂಲಕ್ಕೆ ಜೋಡಿಸುವಾಗ ಪ್ರತಿ ಶಾಟನ್ನೂ ಕೈಯಿಂದ ಹುಡುಕಬೇಕಾಗುತ್ತದೆ.

ಆಮೇಲೆ ಸಿಂಕ್. ಕ್ಲ್ಯಾಪ್‌ಬೋರ್ಡಿನ ಎರಡು ಹಲಗೆ ತಾಗುವ ಫ್ರೇಮನ್ನೂ ಆ ಸದ್ದು ಕೇಳಿಸುವ ಕ್ಷಣವನ್ನೂ ಒಂದಾಗಿಸಿದರೆ ಚಿತ್ರ ಮತ್ತು ಧ್ವನಿ ಕೂಡುತ್ತವೆ.

ಕೊನೆಯದಾಗಿ ಲಾಗಿಂಗ್, ಅಂದರೆ ಸೀನ್, ಶಾಟ್, ಟೇಕ್ ಸಂಖ್ಯೆಯ ಪ್ರಕಾರ ಎಲ್ಲವನ್ನೂ ಜೋಡಿಸಿ ಟಿಪ್ಪಣಿ ಬರೆಯುವುದು. ಕಲಿಕೆ ಇರುವುದು ಇಲ್ಲಿ. ಸೆಟ್‌ನಲ್ಲಿ ಓಕೆ ಎಂದ ಟೇಕನ್ನಷ್ಟೇ ನೋಡಿ ಮುಂದೆ ಹೋಗಬೇಡಿ. ಎನ್‌ಜಿ (ನೋ ಗುಡ್, ಅಂದರೆ ಸರಿಬರಲಿಲ್ಲ) ಎಂದು ಬಿಟ್ಟ ಟೇಕುಗಳನ್ನೂ, ಆ್ಯಕ್ಷನ್ ಎನ್ನುವ ಮೊದಲಿನ ಮತ್ತು ಕಟ್ ಎಂದ ನಂತರದ ಕ್ಷಣಗಳನ್ನೂ ನೋಡಿ. ಟ್ರಾಲಿ ಅಲುಗಾಡಿತೆಂದು ಬಿಟ್ಟ ಟೇಕಿನಲ್ಲಿ ನಟರ ಒಳ್ಳೆಯ ನೋಟ ಇರಬಹುದು. “ಸೀನ್ 42, ಶಾಟ್ 3, ಟೇಕ್ 2: ಕೊನೆಯಲ್ಲಿ ಕಣ್ಣು ತಗ್ಗಿಸುತ್ತಾರೆ” ಎಂಬ ಒಂದು ಸಾಲು ಮೂರು ತಿಂಗಳ ನಂತರ ಒಂದು ದೃಶ್ಯವನ್ನೇ ಉಳಿಸಬಲ್ಲದು. ಮೊದಲ ನೋಟದಲ್ಲಿ ನಿಮ್ಮ ಮನಸ್ಸಿಗೆ ತಟ್ಟಿದ್ದನ್ನು ಆಗಲೇ ಬರೆಯಿರಿ. ಅದೇ ಶಾಟನ್ನು ಐವತ್ತನೆಯ ಸಲ ನೋಡುವಾಗ ಏನೂ ತಟ್ಟುವುದಿಲ್ಲ, ಪ್ರೇಕ್ಷಕರಾದರೋ ಮೊದಲ ಸಲವೇ ನೋಡುತ್ತಾರೆ.

ಹಂತ 6: ರಫ್ ಕಟ್‌ನಿಂದ ಲಾಕ್‌ವರೆಗೆ

ಮೊದಲ ಜೋಡಣೆ ಚಿತ್ರಕತೆಯ ಕ್ರಮದಲ್ಲೇ ಇರಲಿ, ಉದ್ದವಾಗಿಯೇ ಇರಲಿ. ಅದನ್ನು ನೋಡಿದವರೆಲ್ಲ “ಲ್ಯಾಗ್ ಆಗುತ್ತಿದೆ” ಎನ್ನುತ್ತಾರೆ. ಆ ಮಾತನ್ನು ಗೌರವಿಸಿ, ಆದರೆ ಅವರು ಬೆರಳು ತೋರಿಸಿದ ದೃಶ್ಯವನ್ನೇ ಕತ್ತರಿಸಲು ಓಡಬೇಡಿ. ಎಪ್ಪತ್ತನೇ ನಿಮಿಷದಲ್ಲಿ ಬೇಸರವಾಯಿತೆಂದರೆ ಕಾರಣ ಐವತ್ತೈದನೇ ನಿಮಿಷದಲ್ಲಿರಬಹುದು. ಅಲ್ಲಿ ಪ್ರೇಕ್ಷಕರಿಗೆ ಆಗಲೇ ಗೊತ್ತಾದ ವಿಷಯವನ್ನು ಪಾತ್ರಗಳು ಇನ್ನೊಮ್ಮೆ ಹೇಳಿರುತ್ತವೆ. ನಮ್ಮಲ್ಲಿ ಇಂಟರ್ವಲ್ ಇರುವುದರಿಂದ ಚಿತ್ರಕ್ಕೆ ಎರಡು ಆರಂಭ, ಎರಡು ಅಂತ್ಯ ಇರುತ್ತವೆ ಎಂಬುದೂ ನೆನಪಿರಲಿ. ಕಾಫಿ ಕುಡಿದು ಬಂದು ಕುಳಿತವರನ್ನು ಮತ್ತೆ ಕತೆಯೊಳಗೆ ಕರೆದುಕೊಳ್ಳಲು ದ್ವಿತೀಯಾರ್ಧದ ಮೊದಲ ದೃಶ್ಯಕ್ಕೆ ಸ್ವಲ್ಪ ಉಸಿರಾಡುವ ಜಾಗ ಬೇಕು.

ಡಬ್ಬಿಂಗ್ ಆಗುವ ಚಿತ್ರಗಳಲ್ಲಿ ಒಂದು ಹೆಚ್ಚಿನ ಸುತ್ತು ಬೇಕಾಗುತ್ತದೆ. ಸೆಟ್‌ನಲ್ಲಿ ದಾಖಲಿಸಿದ ಪೈಲಟ್ ಧ್ವನಿ, ಅಂದರೆ ಗುರುತಿಗಷ್ಟೇ ಇರುವ ತಾತ್ಕಾಲಿಕ ಧ್ವನಿ, ಇಟ್ಟುಕೊಂಡು ನೀವು ಕತ್ತರಿಸಿರುತ್ತೀರಿ. ಡಬ್ಬಿಂಗ್‌ನಲ್ಲಿ ಕಲಾವಿದರು ಅದೇ ಮಾತನ್ನು ಮೆಲ್ಲಗೆ ಹೇಳಿದರೆ, ಉಸಿರು ಬೇರೆ ಕಡೆ ತೆಗೆದುಕೊಂಡರೆ, ಕಟ್‌ನ ಜಾಗವೂ ಬದಲಾಗಬೇಕಾಗುತ್ತದೆ. ವೇಳಾಪಟ್ಟಿಯಲ್ಲಿ ಈ ಸುತ್ತಿಗೆ ಕೆಲವು ದಿನ ಇರಿಸುವಂತೆ ಮೊದಲೇ ಹೇಳಿ.

ಪ್ರತಿದಿನದ ಕಟ್ ಹೊಸ ಹೆಸರಿನಲ್ಲಿ, ದಿನಾಂಕದೊಂದಿಗೆ ಉಳಿಯಲಿ. ‘ಫೈನಲ್’ ಎಂಬ ಪದವನ್ನು ಫೈಲ್ ಹೆಸರಿನಲ್ಲಿ ಬಳಸಬೇಡಿ.

ಹಂತ 7: ಲಾಕ್ ಆದ ನಂತರ

ಇನ್ನು ಒಂದು ಫ್ರೇಮೂ ಬದಲಾಗುವುದಿಲ್ಲ ಎಂದು ನಿರ್ದೇಶಕರೂ ನಿರ್ಮಾಪಕರೂ ಒಪ್ಪಿದ ಸ್ಥಿತಿಗೆ ಲಾಕ್ ಎನ್ನುತ್ತಾರೆ. ಈ ಒಪ್ಪಿಗೆ ಲಿಖಿತವಾಗಿರಲಿ, ಒಂದು ಇಮೇಲ್ ಆದರೂ ಸಾಕು. ಇಲ್ಲಿಂದ ಚಿತ್ರ ಒಮ್ಮೆಲೇ ಹಲವು ಕಡೆಗೆ ಹೋಗುತ್ತದೆ: ಬಣ್ಣ ಹೊಂದಿಸುವ ಡಿಐಗೆ, ಕಂಪ್ಯೂಟರ್ ಗ್ರಾಫಿಕ್ಸ್ ಮಾಡುವ ಸಿಜಿಗೆ, ಸದ್ದುಗಳನ್ನು ಸೇರಿಸುವ ಎಫೆಕ್ಟ್ಸ್‌ಗೆ, ಹಿನ್ನೆಲೆ ಸಂಗೀತ ಕೂರಿಸುವ ರೀರೆಕಾರ್ಡಿಂಗ್‌ಗೆ. ಸುಮಾರು ಇಪ್ಪತ್ತು ನಿಮಿಷದ ರೀಲ್‌ಗಳಾಗಿ ಒಡೆದು ಕಳುಹಿಸುವುದು ರೂಢಿ. ಇದು 2000 ಅಡಿ ಫಿಲ್ಮ್ ಸುರುಳಿಯ ಕಾಲದಿಂದ ಬಂದದ್ದು. ನಿಮಿಷಕ್ಕೆ 90 ಅಡಿ ಓಡುತ್ತಿದ್ದ ಆ ಸುರುಳಿ ಸುಮಾರು 22 ನಿಮಿಷ ಬರುತ್ತಿತ್ತು. ಪ್ರತಿ ರೀಲಿನ ಮೊದಲ ಚಿತ್ರಕ್ಕೆ ಸರಿಯಾಗಿ ಎರಡು ಸೆಕೆಂಡ್, ಅಂದರೆ 48 ಫ್ರೇಮ್, ಮುಂಚೆ ಒಂದೇ ಫ್ರೇಮಿನಷ್ಟು ಬೀಪ್ ಇಡಿ. ಧ್ವನಿ ವಿಭಾಗದವರು ಅದನ್ನು ನೋಡಿಯೇ ಸಿಂಕ್ ಖಚಿತಪಡಿಸಿಕೊಳ್ಳುತ್ತಾರೆ. ಟೈಮ್‌ಲೈನಿನ ಧ್ವನಿ ಜೋಡಣೆಯನ್ನು ಬೇರೆ ಸಾಫ್ಟ್‌ವೇರಿಗೆ ಒಯ್ಯಲು ಧ್ವನಿ ವಿಭಾಗಕ್ಕೆ ಕೊಡುವ ಎಎಎಫ್ ಫೈಲಿನಲ್ಲಿ ಪ್ರತಿ ತುಣುಕಿನ ಎರಡು ತುದಿಗೂ ಹ್ಯಾಂಡಲ್, ಅಂದರೆ ಹೆಚ್ಚುವರಿ ಕೆಲವು ಸೆಕೆಂಡ್ ಧ್ವನಿ, ಇರಬೇಕು.

ಲಾಕ್ ಆದ ಮೇಲೂ ಬದಲಾವಣೆ ಬಂದರೆ ಯಾವ ರೀಲ್, ಯಾವ ಟೈಮ್‌ಕೋಡ್, ಎಷ್ಟು ಫ್ರೇಮ್ ಎಂದು ಪಟ್ಟಿ ಮಾಡಿ ಎಲ್ಲ ವಿಭಾಗಕ್ಕೂ ಅದೇ ದಿನ ಕಳುಹಿಸಿ. ಒಂದು ವಿಭಾಗಕ್ಕೆ ತಿಳಿಸಲು ಮರೆತ ಎಂಟು ಫ್ರೇಮ್, ಆ ರೀಲಿನ ಉಳಿದ ಅಷ್ಟೂ ಮಾತನ್ನು ತುಟಿಯಿಂದ ದೂರ ಮಾಡುತ್ತದೆ.

ಸೆನ್ಸಾರ್ ವಿಷಯ ಚಿಕ್ಕದಾದರೂ ತಪ್ಪಬಾರದು. 1952ರ ಸಿನಿಮಾಟೋಗ್ರಾಫ್ ಕಾಯ್ದೆಗೆ 2023ರಲ್ಲಿ ತಿದ್ದುಪಡಿಯಾದ ನಂತರ ಯುಎ ವರ್ಗವನ್ನು ಏಳು, ಹದಿಮೂರು, ಹದಿನಾರು ವರ್ಷ ಎಂದು ಮೂರಾಗಿ ವಿಂಗಡಿಸಲಾಗಿದೆ. ಪ್ರಮಾಣಪತ್ರ ಸಿಕ್ಕಿದ ಮೇಲೆ ಮಾಡುವ ಯಾವುದೇ ಕತ್ತರಿ ಅಥವಾ ಸೇರ್ಪಡೆಯನ್ನು ಮಂಡಳಿಗೆ ತಿಳಿಸಿ ಅನುಮೋದನೆ ಪಡೆಯಬೇಕು. ಬಿಡುಗಡೆಯಾದ ಮರುದಿನ ಹತ್ತು ನಿಮಿಷ ಟ್ರಿಮ್ ಮಾಡಿ ಎಂಬ ಫೋನ್ ಬಂದಾಗ ಈ ನಿಯಮವನ್ನು ನೆನಪಿಸಬೇಕಾದವರು ನೀವೇ.

ಹಂತ 8: ಒಪ್ಪಂದ ಮತ್ತು ಹಸ್ತಾಂತರ

ಸಂಭಾವನೆಯನ್ನು ಕಂತುಗಳಲ್ಲಿ ಮಾತಾಡಿಕೊಳ್ಳಿ: ಕೆಲಸ ಆರಂಭಿಸುವಾಗ, ಮೊದಲ ಪೂರ್ತಿ ಕಟ್ ತೋರಿಸಿದಾಗ, ಲಾಕ್ ಆದಾಗ, ಮತ್ತು ಉಳಿದ ಸಣ್ಣ ಭಾಗ ರೀಲ್‌ಗಳನ್ನು ಕೊಡುವ ಮೊದಲು. ಬಿಡುಗಡೆಯ ನಂತರ ಕೊಡುತ್ತೇವೆ ಎಂಬ ಭರವಸೆಯ ಮೇಲೆ ನಾನು ಆರಂಭದ ವರ್ಷಗಳಲ್ಲಿ ಒಂದು ಚಿತ್ರ ಮುಗಿಸಿಕೊಟ್ಟಿದ್ದೆ. ಆ ಹಣ ಬರಲಿಲ್ಲ. ಒಪ್ಪಂದದಲ್ಲಿ ಟ್ರೇಲರ್, ಟೀಸರ್, ಹಾಡಿನ ವಿಡಿಯೊ, ಟಿವಿ ಮತ್ತು ಒಟಿಟಿ ಆವೃತ್ತಿಗಳು ಸೇರಿವೆಯೋ ಇಲ್ಲವೋ, ಲಾಕ್ ನಂತರದ ಬದಲಾವಣೆಗೆ ಪ್ರತ್ಯೇಕ ದರವಿದೆಯೋ, ಟೈಟಲ್‌ನಲ್ಲಿ ನಿಮ್ಮ ಮತ್ತು ನಿಮ್ಮ ಸಹಾಯಕರ ಹೆಸರು ಹೇಗೆ ಬರುತ್ತದೆ, ಇವು ಬರಹದಲ್ಲಿರಬೇಕು. ಸಹಾಯಕರ ಹೆಸರಿನ ಕಾಗುಣಿತವನ್ನು ಟೈಟಲ್ ಕಾರ್ಡಿನಲ್ಲಿ ನೀವೇ ಓದಿ ನೋಡಿ.

ಕೆಲಸ ಮುಗಿದ ಮೇಲೆ ಪ್ರಾಜೆಕ್ಟ್ ಫೈಲ್, ಲಾಕ್ ಆದ ಕಟ್‌ನ ಟೈಮ್‌ಕೋಡ್ ಇರುವ ಪ್ರತಿ, ಲಾಗ್ ಪಟ್ಟಿ ಮತ್ತು ಬದಲಾವಣೆಗಳ ಪಟ್ಟಿಯನ್ನು ಒಂದೇ ಫೋಲ್ಡರಿನಲ್ಲಿ ಹಾಕಿ, ರಶಸ್ ಇರುವ ಮೂಲ ಡಿಸ್ಕುಗಳೊಂದಿಗೆ ನಿರ್ಮಾಪಕರಿಗೆ ಒಪ್ಪಿಸಿ. ಎಷ್ಟು ಡಿಸ್ಕ್, ಅವುಗಳ ಸಂಖ್ಯೆ, ಒಪ್ಪಿಸಿದ ದಿನಾಂಕ ಇಷ್ಟನ್ನು ಒಂದು ಹಾಳೆಯಲ್ಲಿ ಬರೆದು, ಪಡೆದವರ ಸಹಿ ಹಾಕಿಸಿಕೊಂಡು, ಆ ಹಾಳೆಯ ಒಂದು ಪ್ರತಿಯನ್ನು ನಿಮ್ಮ ಬಳಿ ಇಟ್ಟುಕೊಳ್ಳಿ.